ಪಂಜರಕ್ಕೆ ಹೊದಿಸಿದ ಬಿಳಿ ಪಂಚೆ

ನಮ್ಮ ಲವ್ ಬರ್ಡ್ಸ್ ಜೋಡಿ ಹಗಲಿಡೀ ಮೈ ಕೆರೆದುಕೊಂಡು ಗರಿ ಕಿತ್ತುಕೊಳ್ಳಲು ಶುರು ಮಾಡಿದಾಗ ನನ್ನ ಹೆಂಡತಿ ಶೈಲಾ ಮೊದಲು ದುರುಗುಟ್ಟಿ ನೋಡಿದ್ದು ನನ್ನನ್ನು. ನಾನು ಪಂಜರ ತೊಳೆಯುವುದು ಸಾಲದಂತೆ. ವಾರಕ್ಕೆರಡು ಸಲ ಕುದಿನೀರು ಸುರಿದು, ಹಕ್ಕಿ ಕೂರುವ ಕೋಲನ್ನು ಬಿಸಿಲಿಗಿಟ್ಟು, ಸಂದುಗೊಂದುಗಳನ್ನು ಹಲ್ಲಿನ ಬ್ರಷ್ಷಿನಿಂದ ತಿಕ್ಕುವ ಗಂಡ ಶಿರಸಿ ಪೇಟೆಯಲ್ಲಿ ಇನ್ನೊಬ್ಬನಿದ್ದರೆ ತೋರಿಸಲಿ. (ನನ್ನ ಸ್ವಂತ ಬೆನ್ನು ತಿಕ್ಕಿಕೊಳ್ಳಲು ನನಗೆ ಪುರುಸೊತ್ತಿಲ್ಲ.)

ಸಿಟ್ಟಿನಲ್ಲೇ ಮೊಬೈಲಿನಲ್ಲಿ ಸಂಶೋಧನೆ ಕೈಗೊಂಡೆ. ರಕ್ತ ಹೀರುವ ಸಣ್ಣ ಹುಳಗಳು ಹಗಲೆಲ್ಲ ಸಂದಿಯಲ್ಲಿ ಅಡಗಿದ್ದು ಕತ್ತಲಾದ ಮೇಲೆ ಹೊರಬೀಳುತ್ತವಂತೆ. ಪಂಜರಕ್ಕೆ ಬಿಳಿ ಬಟ್ಟೆ ಹೊದಿಸಿಟ್ಟರೆ ಬೆಳಿಗ್ಗೆ ಅದರ ಮಡಿಕೆಯಲ್ಲಿ ಸಿಕ್ಕಿಬೀಳುತ್ತವಂತೆ. ನನ್ನ ಮದುವೆಯ ಪಂಚೆಯನ್ನೇ ಹೊದಿಸಿದೆ. ಮರುದಿನ ಬಿಡಿಸಿದರೆ ರಾಗಿಗಿಂತ ಸಣ್ಣ ಕೆಂಪು ಚುಕ್ಕೆಗಳು ನಡೆದಾಡುತ್ತಿದ್ದವು. ಪಶುವೈದ್ಯರು ಪಂಚೆ ನೋಡಿ, ಇದು ಕೋಳಿಗೂಡಿನ ಹೇನು, ಮನೆಯಲ್ಲಿ ಕೋಳಿ ಸಾಕಿದ್ದೀರಾ ಎಂದು ಕೇಳಿದರು.

ನನ್ನ ಮೈಯೆಲ್ಲ ಉರಿದುಹೋಯಿತು. ವಿಭೂತಿ ಹಚ್ಚದೆ ನೀರು ಕುಡಿಯದ ಮನೆತನ ನಮ್ಮದು. ಹೊಸ್ತಿಲೊಳಗೆ ಇಂದಿನವರೆಗೆ ಒಂದು ಮೊಟ್ಟೆ ಬಂದಿಲ್ಲ. ಹಾಗಾದರೆ ಕೋಳಿಯ ಹೇನು ಹೊರಗಿನವರ ಜೊತೆಗೇ ಬಂದಿರಬೇಕು. ಹೊರಗಿನಿಂದ ಬಂದವರು ಯಾರು? ನಾಲ್ಕು ದಿನಕ್ಕೆಂದು ಬನವಾಸಿಯಿಂದ ಬಂದು ಎರಡು ತಿಂಗಳಾದರೂ ಹೊರಡದ ನಮ್ಮ ಅತ್ತೆ ಗಿರಿಜವ್ವ, ಮತ್ತು ಅವರು ಹೊದೆಯುವ ಕೌದಿ. ಬನವಾಸಿಯಲ್ಲಿ ಅವರ ಪಕ್ಕದ ಮನೆಯವರು ಕೋಳಿ ಸಾಕಿದ್ದಾರೆ. ಕೌದಿ ಒಣಗುವುದು ಆ ಮನೆಯ ಬೇಲಿಯ ಮೇಲೆ. ಇದಕ್ಕಿಂತ ಸಾಕ್ಷಿ ಬೇಕೆ? ಕೌದಿಯನ್ನು ಅಂಗಳಕ್ಕೆಸೆದು ತೀರ್ಪು ಕೊಟ್ಟುಬಿಟ್ಟೆ.

ಶೈಲಾ ಕಣ್ಣೊರೆಸಿಕೊಂಡಳು. ಅತ್ತೆ ಮಾತ್ರ ಬ್ಯಾಗು ತುಂಬಿಕೊಂಡು ಬಂದು ನನ್ನೆದುರಿಗೆ ನಿಂತರು. ನಾನು ಒಳಗೊಳಗೇ ಬನವಾಸಿ ಬಸ್ಸಿನ ಸಮಯ ನೆನಪಿಸಿಕೊಳ್ಳುತ್ತಿದ್ದೆ.

"ನಾಳೆ ಹೋಗ್ತೀನ್ರಿ ಅಳಿಯಾರ," ಎಂದರು. "ಇವತ್ತೊಂದಿನ ನನ್ನ ಕೌದಿಗೂ ಬಿಳೀ ಅರಿವಿ ಹೊಚ್ಚರಿ. ಮನ್ಯಾಗಿನ ಎಲ್ಲಾ ಸಾಮಾನಿಗೂ ಹೊಚ್ಚರಿ. ಇಂಥಾ ಅಪವಾದ ಹೊತ್ಕೊಂಡು ಊರಿಗೆ ಹೋಗಾಕಿ ಅಲ್ಲ ನಾ."

ಬೆಳಿಗ್ಗೆ ಕೌದಿಯ ಮೇಲಿನ ಬಟ್ಟೆ ಹಾಲಿನಂತೆ ಬೆಳ್ಳಗಿತ್ತು. ಶೈಲಾಳ ಸೀರೆಪೆಟ್ಟಿಗೆಯದೂ ಹಾಗೆಯೇ. ಪಂಜರದ ಪಕ್ಕದ ಮೊಳೆಗೆ ನಾನು ನೇತುಹಾಕುವ ಕೈಚೀಲಕ್ಕೆ ಸುತ್ತಿದ್ದ ಬಟ್ಟೆಯಲ್ಲಿ ಮಾತ್ರ ಹೇನುಗಳ ಮೆರವಣಿಗೆ ಹೊರಟಿತ್ತು.

ಆ ಚೀಲ ವಾರಕ್ಕೊಮ್ಮೆ ನನ್ನ ಜೊತೆ ಯಲ್ಲಾಪುರಕ್ಕೆ ಹೋಗುತ್ತದೆ, ನಮ್ಮ ಶುಂಠಿ ಸಾಗಿಸುವ ಲಾರಿಯ ಮುಕ್ತಾರ್ ಮನೆಗೆ. ನಾನು ಹೆದ್ದಾರಿಯ ಧೂಳು, ಹವಾಮಾನ ವೈಪರೀತ್ಯ ಎಂದೆಲ್ಲ ವಿವರಿಸುವಷ್ಟರಲ್ಲಿ ಶೈಲಾ ಅವನಿಗೆ ಫೋನ್ ಮಾಡಿ ಸ್ಪೀಕರ್ ಹಾಕಿಯಾಗಿತ್ತು.

ಮುಕ್ತಾರ್ ಪಾಪ, ಸುಳ್ಳು ಹೇಳಿ ಗೊತ್ತಿಲ್ಲದವನು. "ಚೀಲಾನಾ? ನಮ್ಮ ಕೋಳಿಗೂಡಿನ ಗೂಟಕ್ಕೇ ಹಾಕ್ತಾರೆ ಭಾಭಿ," ಎಂದ. "ಮೊಟ್ಟೆ ಅವರೇ ಕೈಯಾರೆ ಆರಿಸಿ ಕೊಡ್ತಾರೆ, ನನ್ನ ಹೆಂಡ್ತಿ ಜೈನಾಬ್ ಆಮ್ಲೆಟ್ ಮಾಡ್ತಾಳೆ. ಎರಡು ಹಾಕಿದ್ರೆ ಅವರಿಗೆ ಸಾಕಾಗಲ್ಲ."

ಶೈಲಾ ಫೋನ್ ಇಟ್ಟಳು. (ಹೇನು ಕೋಳಿಯದೇ ಹೊರತು ನನ್ನದಲ್ಲ ಎಂಬ ಮುಖ್ಯ ಅಂಶವನ್ನು ಯಾರೂ ಗಮನಿಸಲಿಲ್ಲ.) ಬಸ್ಸಿಗೆ ಇನ್ನೂ ಅರ್ಧ ಗಂಟೆಯಿತ್ತು, ನಿಲ್ದಾಣದವರೆಗೆ ಬ್ಯಾಗು ನಾನೇ ಹೊರುತ್ತೇನೆಂದೆ. ಅತ್ತೆ ಬ್ಯಾಗಿನಿಂದ ಸೀರೆಗಳನ್ನು ಒಂದೊಂದಾಗಿ ತೆಗೆದು, ಕಪಾಟಿನಲ್ಲಿ ನನ್ನ ಅಂಗಿಗಳನ್ನು ಸರಿಸಿ ಜೋಡಿಸತೊಡಗಿದರು.

"ನಾ ಎಲ್ಲಿಗೂ ಹೋಗೂದಿಲ್ಲ ಶೈಲಾ," ಎಂದರು. "ಗಂಡ ಹಿಂಗಿರೋ ಮನ್ಯಾಗ ನಿನ್ನೊಬ್ಬಾಕಿನ್ನ ಹೆಂಗ ಬಿಟ್ಟು ಹೋಗ್ಲಿ?"