ಗೋದಾಮು ಓಣಿಯ ಭೂಗತ ಲೋಕ

ಶನಿವಾರ ಬೆಳಿಗ್ಗೆ ಜಿತೇಂದ್ರ ಮುಖದ ಒಂದು ಬದಿಯ ಗಡ್ಡ ತೆಗೆದು ಇನ್ನೊಂದು ಬದಿಗೆ ಕೈಹಾಕುವಷ್ಟರಲ್ಲಿ ಮದುವೆ ದಲ್ಲಾಳಿ ತಿಲಕನ ಫೋನು ಬಂತು. ಕಾರ್ಕಳದ ಹುಡುಗಿಯ ಸೋದರಮಾವ ದೇಜಪ್ಪನವರು ಇವತ್ತು ಉಡುಪಿಗೆ ಬರುತ್ತಾರಂತೆ. ಮನೆಗೆ ಕಾಲಿಡುವ ಮೊದಲು, ತಾನು ಯಾರೆಂದು ಹೇಳದೆ, ಓಣಿಯಲ್ಲಿ ನಾಲ್ಕು ಕಡೆ ಹುಡುಗನ ಬಗ್ಗೆ ವಿಚಾರಿಸುತ್ತಾರಂತೆ. ಅವರು ಹೂಂ ಅಂದರೆ ಮದುವೆ, ಇಲ್ಲವೆಂದರೆ ಇಲ್ಲ. ಆ ಮನೆಯಲ್ಲಿ ಹುಡುಗಿಯ ಅಪ್ಪನ ಮಾತಿಗೂ ಅಷ್ಟು ತೂಕವಿಲ್ಲ. ಇಷ್ಟು ಹೇಳಿ ತಿಲಕ ಫೋನಿಟ್ಟ.

ಬೇರೆ ಯಾವ ಹುಡುಗನಾದರೂ ಇದಕ್ಕೆ ಹೆದರುತ್ತಿರಲಿಲ್ಲ. ಹೆಣ್ಣಿನ ಕಡೆಯವರು ನೆರೆಕರೆಯಲ್ಲಿ ವಿಚಾರಿಸುವುದು ನಮ್ಮ ಕಡೆ ಇದ್ದದ್ದೇ. ನೆರೆಕರೆಯವರೂ ಆ ಹೊತ್ತಿಗೆ ಹಳೆಯ ಜಗಳವನ್ನೆಲ್ಲ ಬದಿಗಿಟ್ಟು, ಹುಡುಗ ಅಪ್ಪಟ ಚಿನ್ನ, ಕುಡಿಯುವುದಿಲ್ಲ, ಎಲೆಅಡಿಕೆಯ ಅಭ್ಯಾಸ ಕೂಡ ಇಲ್ಲ ಎಂದು ಎರಡು ಒಳ್ಳೆಯ ಮಾತು ಆಡಿ ಪುಣ್ಯ ಕಟ್ಟಿಕೊಳ್ಳುತ್ತಾರೆ. ಆದರೆ ಜಿತೇಂದ್ರನ ಕಷ್ಟವೇ ಬೇರೆ. ತನ್ನ ಮನೆಯ ಬಗ್ಗೆ ಯಾರೇ ಕೇಳಿದರೂ ಮೈ ಜುಂ ಎನ್ನುವಂಥ ಕೆಟ್ಟ ಮಾತು ಹೇಳಬೇಕೆಂದು ಇಡೀ ಓಣಿಗೆ ಕಲಿಸಿಕೊಟ್ಟವನು ಅವನೇ.

ಹಾಗೇಕೆ ಕಲಿಸಿದ ಎಂದರೆ ಅದು ಅವನ ಹೊಟ್ಟೆಪಾಡು. ಮೊದಲು ಅವನು ಊರಿಗೆ ಬಂದವರನ್ನು ಕರೆದುಕೊಂಡು ಪರಂಪರೆಯ ನಡಿಗೆ, ಅಂದರೆ ಹೆರಿಟೇಜ್ ವಾಕ್, ಮಾಡಿಸುತ್ತಿದ್ದ. ಹಳೆಯ ಕೆತ್ತನೆಯ ಬಾಗಿಲು, ಹಳೆಯ ಹೋಟೆಲು, ಹಳೆಯ ಬಾವಿ. ಜನ ಎರಡು ಬಾಗಿಲು ನೋಡುತ್ತಿದ್ದರು, ಹೋಟೆಲು ಬಂದಾಗ ಒಳಗೆ ಹೋಗಿ ಕೂತುಬಿಡುತ್ತಿದ್ದರು, ಬಾವಿಯ ಹತ್ತಿರ ಜಿತೇಂದ್ರ ಒಬ್ಬನೇ ನಿಂತಿರುತ್ತಿದ್ದ. ಕೊನೆಗೆ ಮಣಿಪಾಲದಲ್ಲಿ ಓದುವ ಲಕ್ಷಿತ್ ಎಂಬ ಹುಡುಗ ಕನಿಕರದಿಂದ ಬುದ್ಧಿ ಹೇಳಿದ. ಬಾಗಿಲು ಯಾರಿಗೆ ಬೇಕಣ್ಣ, ಕ್ರೈಂ ಎಂತದಾದರೂ ಉಂಟಾ ಎಂದು ಕೇಳಿದ.

ಗೋದಾಮು ಓಣಿಯಲ್ಲಿ ಕ್ರೈಂ! ಅಲ್ಲಿ ನಡೆದ ಅತಿ ದೊಡ್ಡ ಅಪರಾಧವೆಂದರೆ ನೆರೆಮನೆಯ ರೋಸಲಿನ್ ಬಾಯಿಯ ಮರದ ನುಗ್ಗೆಕಾಯಿ ಕಳವು. ಆದರೂ ಜಿತೇಂದ್ರ ಧೈರ್ಯ ಮಾಡಿ ಒಂದು ಕತೆ ಕಟ್ಟಿದ. ಎರ್ಮಾಳಿನ ಕಡಲಿಗೆ ಒಂದು ಕಳ್ಳ ದೋಣಿ ತಂದ, ಅದರ ತುಂಬ ಚಿನ್ನದ ಬಿಸ್ಕತ್ತು, ಫಾರಿನ್ ವಾಚು ತುಂಬಿಸಿದ, ಎಲ್ಲವನ್ನೂ ಗೋದಾಮು ಓಣಿಯಲ್ಲಿ ಇಳಿಸಿದ. ಈಗ ಒಬ್ಬ ಡಾನ್ ಬೇಕಲ್ಲ? ಮೊದಲು ರೋಸಲಿನ್ ಬಾಯಿಯ ಮನೆಯನ್ನು ತೋರಿಸಿದ. ಅವರು ಹೊಲಿಗೆಯ ಕತ್ತರಿ ಹಿಡಿದುಕೊಂಡೇ ಬೀದಿಗೆ ಬಂದರು. ಸುಂದರಣ್ಣನ ಗೂಡಂಗಡಿಯನ್ನು ತೋರಿಸಿದ. ಸುಂದರಣ್ಣ ಅವನಿಗೆ ಸೋಡಾ ಕೊಡುವುದನ್ನೇ ನಿಲ್ಲಿಸಿದರು. ಕಡೆಗೆ ಉಳಿದದ್ದು ಅವನದೇ ಮನೆ ಮತ್ತು ತೀರಿಹೋದ ಅವನದೇ ಅಜ್ಜ ಗಣಪ. ಅಜ್ಜ ಜೀವಮಾನವಿಡೀ ಒಂದು ಕಣ್ಣಿಗೆ ಗಾಜು ಸಿಕ್ಕಿಸಿಕೊಂಡು ವಾಚು ರಿಪೇರಿ ಮಾಡಿದವರು, ಅಜ್ಜಿ ಕೆಮ್ಮಿದರೂ ಎದ್ದು ನಿಲ್ಲುತ್ತಿದ್ದವರು. ಮೊಮ್ಮಗನ ದಯದಿಂದ ಅವರು ಕರಾವಳಿಯನ್ನೇ ನಡುಗಿಸಿದ ಒಕ್ಕಣ್ಣ ಡಾನ್ ವಾಚು ಗಣಪ ಆದರು.

ತಮ್ಮ ಮನೆಯ ಮರ್ಯಾದೆ ಉಳಿದದ್ದೇ ತಡ, ನೆರೆಕರೆಯವರಿಗೆ ಹುರುಪು ಬಂತು. ಸುಂದರಣ್ಣ ಗಿರಾಕಿಗಳಿಗೆ ನಿಂಬೆ ಸೋಡಾ ಕೊಡುತ್ತ, ಆ ಮನೆಯ ಕಡೆ ನೋಡಿಕೊಂಡು ಮಾತಾಡಬೇಡಿ ಎಂದು ಪಿಸುಗುಟ್ಟಲು ಶುರುಮಾಡಿದರು. ರೋಸಲಿನ್ ಬಾಯಿ ಹೊಲಿಗೆ ಯಂತ್ರ ನಿಲ್ಲಿಸಿ, ಶಿಲುಬೆಯ ಗುರುತು ಮಾಡಿಕೊಂಡು, ತಾವು ಹುಟ್ಟುವ ಮೊದಲಿನದನ್ನೂ ಕಣ್ಣಾರೆ ಕಂಡಂತೆ ಹೇಳುತ್ತಿದ್ದರು. ಜಿತೇಂದ್ರನ ಅಮ್ಮ ಅಕ್ಕು, ತಮ್ಮ ಮಾವನವರ ಮಾನ ಹೋಯಿತೆಂದು ಎರಡು ದಿನ ಮಾತು ಬಿಟ್ಟವರು, ಮೂರನೆಯ ದಿನ ಅಂಗಳದಲ್ಲಿ ಗೋಳಿಬಜೆ ಕರಿಯಲು ಕೂತರು. ಬಂದವರಿಗೆ ಬಜೆಯ ಜೊತೆ ಬಾವಿಯನ್ನೂ ತೋರಿಸುತ್ತಿದ್ದರು. ಕಳ್ಳಮಾಲಿನ ಪೆಟ್ಟಿಗೆಗಳನ್ನು ಇಳಿಸುತ್ತಿದ್ದ ಬಾವಿ.

ಇಂಥ ಸಂಸಾರದ ಬಗ್ಗೆ ವಿಚಾರಿಸಲು ಈಗ ದೇಜಪ್ಪನವರು ಬರುತ್ತಿದ್ದಾರೆ! ಹುಡುಗಿ ಪ್ರಣೀತಾ ಬೇರೆ ಯಾರಾದರೂ ಆಗಿದ್ದರೆ ಜಿತೇಂದ್ರ ಹೋಗಲಿ ಬಿಡು ಅನ್ನುತ್ತಿದ್ದನೋ ಏನೋ. ಕಾಪುವಿನ ಒಂದು ಮದುವೆಯ ಊಟದಲ್ಲಿ ಪಕ್ಕದ ಎಲೆಗೆ ಕೂತಿದ್ದಳು. ಬಡಿಸುವವನು ಜಿತೇಂದ್ರನ ಎಲೆಯನ್ನು ಮಾತ್ರ ಬಿಟ್ಟು ಹೋದಾಗ ತನ್ನ ಎಲೆಯ ಹೋಳಿಗೆ ಎತ್ತಿ ಅವನ ಎಲೆಗೆ ಹಾಕಿ ನಕ್ಕಿದ್ದಳು. ಅಂದಿನಿಂದ ಇವನಿಗೆ ಬೇರೆ ಯಾವ ಜಾತಕವೂ ರುಚಿಸಿರಲಿಲ್ಲ. ಅವಳಿಗೂ ಒಪ್ಪಿಗೆ ಎಂದು ತಿಲಕ ಹೇಳಿದ್ದ. ಈಗ ನಡುವೆ ಇರುವುದು ಆ ಮಾವ ಒಬ್ಬರೇ.

ಅರ್ಧ ಗಡ್ಡದಲ್ಲೇ ಅವನು ಓಣಿಗೆ ಓಡಿದ. ಇವತ್ತು ನಮ್ಮ ಮನೆಯ ಬಗ್ಗೆ ಒಳ್ಳೆಯದು ಹೇಳಬೇಕು, ಕೈಮುಗಿಯುತ್ತೇನೆ ಎಂದ. ಸುಂದರಣ್ಣ ತಲೆ ಕೆರೆದುಕೊಂಡರು. “ಸಂಜೆ ನಿನ್ನ ವಾಕಿನವರೂ ಬರ್ತಾರಲ್ಲ ಮಾರಾಯ. ಯಾರಿಗೆ ಒಳ್ಳೆಯದು ಹೇಳ್ಬೇಕು, ಯಾರಿಗೆ ಕೆಟ್ಟದು ಹೇಳ್ಬೇಕು ಅಂತ ಗೊತ್ತಾಗುವುದು ಹೇಗೆ?”

ಜಿತೇಂದ್ರ ಒಂದು ಗಳಿಗೆ ಯೋಚಿಸಿ ಅಪ್ಪಣೆ ಕೊಟ್ಟ. ಸೊಂಟಕ್ಕೆ ಬಿಳಿ ಮುಂಡು, ಕೈಯಲ್ಲಿ ಕೊಡೆ, ತಲೆಯಲ್ಲಿ ನರೆ ಇದ್ದರೆ ಹೆಣ್ಣಿನ ಕಡೆಯವರು, ಅವರಿಗೆ ಒಳ್ಳೆಯದು. ಟೊಪ್ಪಿ, ಶೂಸು, ಬೆನ್ನಿಗೊಂದು ಬ್ಯಾಗು ಇದ್ದರೆ ವಾಕಿನವರು; ಅವರಿಗೆ ಎಂದಿನಂತೆ. ರೋಸಲಿನ್ ಬಾಯಿಗೂ ಅಮ್ಮನಿಗೂ ಇದನ್ನೇ ಬಾಯಿಪಾಠ ಮಾಡಿಸಿ, ಮನೆಗೆ ಹೋಗಿ ಉಳಿದ ಗಡ್ಡ ತೆಗೆದ.

ಸಂಜೆಯ ವಾಕ್ ಲಕ್ಷಿತ್‌ನ ಹೆಸರಿನಲ್ಲಿ ಬುಕ್ ಆಗಿತ್ತು. ಕಾಲೇಜು ಹುಡುಗರು ಎಂದುಕೊಂಡು ಜಿತೇಂದ್ರ ಸಿಟಿ ಬಸ್ ನಿಲ್ದಾಣದ ಹತ್ತಿರ ಕಾದು ನಿಂತರೆ, ಬಸ್ಸಿನಿಂದ ಇಳಿದದ್ದು ಲಕ್ಷಿತ್‌ನ ಅಜ್ಜ ಮತ್ತು ಅವರ ನಿವೃತ್ತರ ಸಂಘ. ಎಲ್ಲರದೂ ಬಿಳಿ ಮುಂಡು. ಎಲ್ಲರ ಕೈಯಲ್ಲೂ ಕೊಡೆ. ತಲೆಗಳ ಬಗ್ಗೆ ಹೇಳುವುದೇ ಬೇಡ. ಸಂಘದ ಅಧ್ಯಕ್ಷರು, ತಾವು ಭಜನೆ, ಯೋಗ, ಮಧುಮೇಹದ ಭಾಷಣ ಎಲ್ಲ ಮುಗಿಸಿದ್ದೇವೆ, ಈ ಸಲ ಸ್ವಲ್ಪ ರಕ್ತಪಾತ ಇರಲಿ ಎಂದು ಬಂದಿದ್ದೇವೆ ಎಂದರು.

ಜಿತೇಂದ್ರ ಅವರನ್ನು ಬೇರೆ ದಾರಿಯಲ್ಲಿ ಕರೆದೊಯ್ಯಲು ನೋಡಿದ. ಆದರೆ ನಿವೃತ್ತರನ್ನು ತಡೆಯುವುದುಂಟೇ? ಇಬ್ಬರು ಆಗಲೇ ಸೋಡಾ ಕುಡಿಯಲು ಸುಂದರಣ್ಣನ ಅಂಗಡಿಗೆ ನುಗ್ಗಿ, ಆ ಡಾನ್ ಗಣಪನ ಮನೆ ಹೇಗೆ ಎಂದು ವಿಚಾರಿಸಿಯಾಗಿತ್ತು. ಮುಂಡು ಕಂಡದ್ದೇ ಸುಂದರಣ್ಣನ ಮುಖ ದೇವಸ್ಥಾನದ ಪೂಜಾರಿಯ ಮುಖವಾಯಿತು. ಡಾನ್? ಯಾರು ಹೇಳಿದ್ದು? ಅಂಥ ಸಾಧು ಮನುಷ್ಯ ಈ ತಾಲೂಕಿನಲ್ಲಿ ಹುಟ್ಟಿಲ್ಲ, ಇರುವೆ ಸಾಯುತ್ತದೆಂದು ಸಕ್ಕರೆ ಡಬ್ಬಿ ಕೂಡ ಒರೆಸುತ್ತಿರಲಿಲ್ಲ ಎಂದರು. ಜಿತೇಂದ್ರ ಹಿಂದಿನಿಂದ ಕಣ್ಣು ಮಿಟುಕಿಸಿದ, ಕೈಬೀಸಿದ, ಕುತ್ತಿಗೆಯ ಮೇಲೆ ಬೆರಳೆಳೆದು ತೋರಿಸಿದ. ಸುಂದರಣ್ಣ ಅದನ್ನು ಇನ್ನಷ್ಟು ಹೊಗಳು ಎಂದು ತಿಳಿದರು. ರೋಸಲಿನ್ ಬಾಯಿ ಅವರನ್ನೂ ಮೀರಿಸಿದರು. ಆ ಮನೆಯ ಹುಡುಗ ಜಗಳ ಕಂಡರೆ ಓಡಿಹೋಗುತ್ತಾನೆ, ಇಂಜೆಕ್ಷನ್ ಕಂಡರೆ ಬೀಳುತ್ತಾನೆ, ಕೋಳಿ ಅಟ್ಟಿಸಿಕೊಂಡು ಬಂದರೆ ನಮ್ಮ ಮನೆಯೊಳಗೆ ಅಡಗುತ್ತಾನೆ ಎಂದು ಸತ್ಯವನ್ನೇ ಹೇಳಿಬಿಟ್ಟರು.

ಅಧ್ಯಕ್ಷರು ಕೊಡೆಯನ್ನು ನೆಲಕ್ಕೂರಿ ನಿಂತರು. “ಒಂದು ಕೊಲೆ ಕೂಡ ಇಲ್ವಾ?” ಎಂದು ಕೇಳಿದರು. ಇದಕ್ಕಿಂತ ನಮ್ಮ ಸಂಘದ ಮಹಾಸಭೆಯೇ ಭಯಂಕರ ಇರುತ್ತದೆ ಎಂದು ಗೊಣಗುತ್ತ ಎಲ್ಲರೂ ಬಂದ ದಾರಿಗೆ ಮುಖ ಮಾಡಿದರು.

ವಾಕು ಹೋದರೆ ಹೋಗಲಿ, ಮಾವ ಇನ್ನೂ ಬಂದಿಲ್ಲವಲ್ಲ ಎಂದು ಜಿತೇಂದ್ರ ಸಮಾಧಾನದ ಉಸಿರು ಬಿಟ್ಟ. ಆಗ ಸುಂದರಣ್ಣ ಬೀಗುತ್ತ ವರದಿ ಒಪ್ಪಿಸಿದರು. ವಾಕಿನವರ ಪೈಕಿ ಒಬ್ಬ ಆಗಲೇ, ಜಿತೇಂದ್ರ ಬಸ್ ನಿಲ್ದಾಣಕ್ಕೆ ಹೋಗಿದ್ದಾಗ, ಬಂದಿದ್ದನಂತೆ. ಕೆಂಪು ಟೊಪ್ಪಿ, ಬಿಳಿ ಶೂಸು, ಬೆನ್ನಿಗೆ ಬ್ಯಾಗು. ದೋಹಾದಲ್ಲಿರುವ ಮಗಳ ಮನೆಗೆ ಹೋಗಿ ಮೊನ್ನೆಯಷ್ಟೇ ಬಂದದ್ದಂತೆ, ಇದೆಲ್ಲ ಅಳಿಯ ತೆಗೆಸಿಕೊಟ್ಟದ್ದಂತೆ. ಊರು ಕೇಳಿದರೆ ಕಾರ್ಕಳ ಅಂದನಂತೆ.

“ಏನೇನು ಹೇಳಿದಿರಿ?” ಎಂದು ಕೇಳುವಾಗ ಜಿತೇಂದ್ರನ ಸ್ವರ ಬಾಟಲಿಯೊಳಗಿಂದ ಬಂದಂತಿತ್ತು.

ಎಲ್ಲ ಹೇಳಿದ್ದೇನೆ ಎಂದರು ಸುಂದರಣ್ಣ. ದೋಣಿ, ಬಿಸ್ಕತ್ತು, ಮೂರು ಹೆಣ. ರೋಸಲಿನ್ ಬಾಯಿ ಇನ್ನೆರಡು ಹೆಣ ಸೇರಿಸಿದ್ದಾರೆ. ಆ ಮನುಷ್ಯ ಮೊಮ್ಮಗ ಹೇಗೆ ಎಂದೂ ಕೇಳಿದ್ದನಂತೆ. ಮೊಮ್ಮಗ ನಡೆದುಕೊಂಡು ಬಂದರೆ ಬೀದಿನಾಯಿಗಳೂ ಬೊಗಳುವುದಿಲ್ಲ ಎಂದು ಸುಂದರಣ್ಣ ಹೇಳಿದ್ದರು. ಅದು ಸುಳ್ಳೇನೂ ಅಲ್ಲ. ಆ ನಾಯಿಗಳಿಗೆ ದಿನಾ ಬಿಸ್ಕತ್ತು ಹಾಕುವವನು ಜಿತೇಂದ್ರನೇ. ಈಗೆಲ್ಲಿದ್ದಾನೆ ಆ ಮನುಷ್ಯ ಎಂದು ಕೇಳಿದ್ದಕ್ಕೆ, ನಿಮ್ಮ ಮನೆಯೊಳಗೇ ಹೋದ, ಅಕ್ಕು ಅಕ್ಕ ಬಜೆ ಕೊಡ್ತಿದ್ದಾರೆ ಎಂಬ ಉತ್ತರ ಬಂತು.

ಜಿತೇಂದ್ರ ಓಡಿದ. ಅಂಗಳದಲ್ಲಿ ಕೆಂಪು ಟೊಪ್ಪಿಯ ದೇಜಪ್ಪನವರು ಬಾವಿಯೊಳಗೆ ಬಗ್ಗಿ ನೋಡುತ್ತಿದ್ದರು. ಪಕ್ಕದಲ್ಲಿ ಅಮ್ಮ ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತ, ತಮ್ಮ ಮಾವನವರು ಒಬ್ಬ ದ್ರೋಹಿಯನ್ನು ಇದೇ ಹಗ್ಗದಲ್ಲಿ ಇಡೀ ರಾತ್ರಿ ನೇತುಹಾಕಿದ್ದನ್ನು ಬಣ್ಣಿಸುತ್ತಿದ್ದರು. ಹಗ್ಗ ಕಳೆದ ವಾರ ಸಂತೆಯಲ್ಲಿ ತಂದದ್ದು. ಮಗನನ್ನು ಕಂಡವರೇ ಹೆಮ್ಮೆಯಿಂದ, ನೋಡಿ, ಇವನಿಗೂ ಅಜ್ಜನದೇ ಕೈ ಎಂದರು. ಜಿತೇಂದ್ರ ಅಮ್ಮನನ್ನು ಬದಿಗೆ ಎಳೆದು ಬಂದವರು ಯಾರೆಂದು ಹೇಳಿದಾಗ ಅವರು ಓಡಿ ಅಡುಗೆಮನೆ ಸೇರಿಕೊಂಡರು.

ಇನ್ನು ಮುಚ್ಚಿಡುವುದರಲ್ಲಿ ಅರ್ಥವಿರಲಿಲ್ಲ. ಜಿತೇಂದ್ರ ದೇಜಪ್ಪನವರನ್ನು ಒಳಗೆ ಕೂರಿಸಿ ಎಲ್ಲವನ್ನೂ ಒಪ್ಪಿಸಿದ. ಇದೆಲ್ಲ ಹೊಟ್ಟೆಪಾಡಿನ ಸುಳ್ಳು, ಅಜ್ಜ ವಾಚು ರಿಪೇರಿ ಮಾಡುತ್ತಿದ್ದರು ಅಷ್ಟೆ ಎಂದ.

“ಹೌದೌದು, ರಿಪೇರಿ,” ಎಂದು ದೇಜಪ್ಪನವರು ಮೆಲ್ಲಗೆ ನಕ್ಕರು.

ನಾನು ಜೀವಮಾನದಲ್ಲಿ ಯಾರಿಗೂ ಒಂದೇಟು ಹೊಡೆದವನಲ್ಲ ಎಂದ ಜಿತೇಂದ್ರ. ದೊಡ್ಡವರು ತಾವೇ ಕೈ ಮಾಡುವುದಿಲ್ಲ, ಅದು ಗೊತ್ತುಂಟು ಎಂದರು ಅವರು. ನನಗೆ ಕೋಳಿ ಕಂಡರೂ ಹೆದರಿಕೆ ಎಂದ. ವಿನಯವೂ ಉಂಟು ಎಂದು ಅವರು ತಲೆದೂಗಿದರು. ಇವನು ಅಲ್ಲ ಅಂದಷ್ಟೂ ಅವರ ಕಣ್ಣಲ್ಲಿ ಗೌರವ ಹೆಚ್ಚುತ್ತಿತ್ತು. ಕೊನೆಗೆ ಅವರು ಬ್ಯಾಗು ಬದಿಗಿಟ್ಟು ಕುರ್ಚಿಯನ್ನು ಹತ್ತಿರಕ್ಕೆ ಎಳೆದುಕೊಂಡರು.

“ನೋಡಿ, ನಿಮ್ಮ ಹತ್ತಿರ ಮುಚ್ಚಿ ಪ್ರಯೋಜನ ಇಲ್ಲ. ಆಚೆಮನೆಯವರು ವರ್ಷ ವರ್ಷ ನಮ್ಮ ಜಾಗದ ಒಳಗೆ ಬೇಲಿ ತಳ್ಳಿಕೊಂಡು ಬರ್ತಿದ್ದಾರೆ. ಮೊದಲು ಒಬ್ಬ ಇಂಜಿನಿಯರ್ ಹುಡುಗನನ್ನು ನೋಡಿದೆವು. ಅವನು ಟೇಪು ಹಿಡಿದು ಅಳೆದು, ಅವರು ಹೇಳುವುದೇ ಸರಿ ಅಂದ. ಬ್ಯಾಂಕಿನ ಹುಡುಗ ಬಂದ. ಕೂತು ಮಾತಾಡಿ ಅಂದ. ಒಳ್ಳೆಯ ಹುಡುಗರು ಬೇಕಾದಷ್ಟು ಸಿಗ್ತಾರೆ. ಒಳ್ಳೆಯವರನ್ನು ಇಟ್ಟುಕೊಂಡು ನಾವು ಎಂತ ಮಾಡುವುದು?”

ನಾಳೆ ಆದಿತ್ಯವಾರ ಕಾರ್ಕಳಕ್ಕೆ ಬನ್ನಿ, ಹೊಡೆದಾಟ ಬಡಿದಾಟ ಏನೂ ಬೇಡ, ಬೇಲಿಯ ಹತ್ತಿರ ಕುರ್ಚಿ ಹಾಕಿಸುತ್ತೇನೆ, ಸುಮ್ಮನೆ ಕೂತು ಅವರ ಮನೆಯ ಕಡೆ ನೋಡಿದರೆ ಸಾಕು, ವಾಚು ಗಣಪನ ಮೊಮ್ಮಗ ಅಂತ ಊರಿಗೆಲ್ಲ ನಾನೇ ಹೇಳುತ್ತೇನೆ, ಮುಂದಿನ ತಿಂಗಳು ಮದುವೆ ಎಂದರು ದೇಜಪ್ಪನವರು.

ಜಿತೇಂದ್ರನಿಗೆ ಪ್ರಣೀತಾಳ ನಗು ಕಣ್ಣ ಮುಂದೆ ಬಂತು. ಸತ್ಯ ಹೇಳಿದರೆ ಅವಳಿಲ್ಲ. ಹೇಳಿ ನೋಡಿಯೂ ಆಯಿತು, ಯಾರೂ ಕೇಳಲಿಲ್ಲ. ಒಂದು ಕುರ್ಚಿಯಲ್ಲಿ ಕೂರುವುದು ಏನು ಮಹಾ? ದಿನಾ ಊರಿಗೆ ಡಾನಿನ ಕತೆ ಹೇಳುವವನಿಗೆ ಒಂದು ದಿನ ಡಾನಿನ ಹಾಗೆ ಕೂರಲು ಬರುವುದಿಲ್ಲವೇ? ಅವನು ಬೆನ್ನು ನೆಟ್ಟಗೆ ಮಾಡಿದ. ಒಂದು ಕಣ್ಣು ಸ್ವಲ್ಪ ಕಿರಿದು ಮಾಡಿದ. ಸ್ವರ ತಗ್ಗಿಸಿ, “ಬರ್ತೇನೆ,” ಎಂದ.

ದೇಜಪ್ಪನವರಿಗೆ ರೋಮಾಂಚನವೇ ಆಯಿತು. ಬಾಗಿಲ ಮರೆಯಲ್ಲಿ ಕೇಳಿಸಿಕೊಳ್ಳುತ್ತಿದ್ದ ಅಮ್ಮ ಬಾಳೆಹಣ್ಣಿನ ಹಲ್ವದ ತಟ್ಟೆ ಹಿಡಿದು ಬಂದು, ಇಬ್ಬರ ಬಾಯಿಗೂ ದೊಡ್ಡ ದೊಡ್ಡ ತುಂಡು ಇಟ್ಟರು. ಅಳುತ್ತಲೂ ಇದ್ದರು, ನಗುತ್ತಲೂ ಇದ್ದರು.

ದೇಜಪ್ಪನವರು ಹಲ್ವ ಚಪ್ಪರಿಸಿ ನುಂಗಿ, ಟೊಪ್ಪಿ ಸರಿಮಾಡಿಕೊಂಡು ಎದ್ದರು. ಹೊಸ್ತಿಲು ದಾಟುವಾಗ ಏನೋ ನೆನಪಾಗಿ ತಿರುಗಿದರು.

“ಇನ್ನು ನಮಗೆ ಹೆದರಿಕೆ ಇಲ್ಲ. ಆಚೆಮನೆಯವರೂ ಕಳೆದ ವರ್ಷ ಮುಂಬೈಯಿಂದ ಒಬ್ಬ ಅಳಿಯನನ್ನು ತಂದಿದ್ದಾರೆ. ಎರಡು ಸಲ ಒಳಗೆ ಹೋಗಿ ಬಂದವನಂತೆ, ಈಗಲೂ ಜಾಮೀನಿನ ಮೇಲೆ ಇರುವುದಂತೆ. ದಿನಾ ಬೇಲಿಯ ಹತ್ತಿರ ಕುರ್ಚಿ ಹಾಕಿ ಕೂರ್ತಾನೆ. ನಾಳೆ ನಿಮ್ಮ ಕುರ್ಚಿಯನ್ನು ಸರಿಯಾಗಿ ಅವನ ಎದುರಿಗೇ ಹಾಕಿಸ್ತೇನೆ.”

ಹಲ್ವ ಜಿತೇಂದ್ರನ ಬಾಯಲ್ಲೇ ಇತ್ತು. ನುಂಗಲೂ ಆಗಲಿಲ್ಲ, ಉಗುಳಲೂ ಆಗಲಿಲ್ಲ.