ಕಾಕುವಿನ ಪಾಲಕರ ಸಭೆ

ನಮ್ಮ ಕಾಕು ಎದುರಿಗೆ ಬಂದರೆ ಊರಿನ ಅಪ್ಪಂದಿರು ಓಣಿ ಬದಲಿಸುತ್ತಿದ್ದರು. ಆಕೆ ಪೊಲೀಸಿನಾಕೆಯಲ್ಲ, ಮಹಾರಾಷ್ಟ್ರದ ಗಡಿಯೊಳಗಿನ ಮೈಂದರ್ಗಿ ಹತ್ತಿರದ ಹಳ್ಳಿಯೊಂದರ ಕನ್ನಡ ಸಾಲಿಯ ಮುಖ್ಯಾಧ್ಯಾಪಕಿ. ನನ್ನ ಚಿಕ್ಕಪ್ಪನ ಹೆಂಡತಿ. ನಮ್ಮ ಕಡೆ ಪಾಠ ಹೇಳುವ ಹೆಣ್ಣುಮಕ್ಕಳಿಗೆ ಮರಾಠಿಯವರಂತೆ ‘ಬಾಯಿ’ ಅನ್ನುತ್ತಾರೆ. ಉಳಿದವರ ವಿಷಯದಲ್ಲಿ ಅದು ಮರಾಠಿ ಶಬ್ದ. ನಮ್ಮ ಕಾಕುವಿನ ವಿಷಯದಲ್ಲಿ ಮಾತ್ರ ಅಚ್ಚಗನ್ನಡ!

ನನ್ನ ದುರ್ದೈವ, ಅದೇ ಸಾಲಿಯಲ್ಲಿ ನಾನೂ ಮಾಸ್ತರ. ಮನೆಯಲ್ಲಿ ಕಾಕು, ಸಾಲಿಯಲ್ಲಿ ಬಾಯಿ. ತಪ್ಪಿಸಿಕೊಂಡು ಹೋಗುವುದಾದರೂ ಎಲ್ಲಿಗೆ?

ಪಾಲಕರ ಸಭೆ ಅಂದರೆ ಮೊದಲು ನಮಗೆ ಸುಖದ ದಿನ. ಖುರ್ಚಿ ಹಾಕುತ್ತಿದ್ದೆವು, ಯಾರೂ ಬರುತ್ತಿರಲಿಲ್ಲ, ಪಾಲಕರಿಗೆಂದು ತರಿಸಿದ ಚಿವಡಾ ನಾವೇ ತಿನ್ನುತ್ತಿದ್ದೆವು. ಆದರೆ ಆ ವರ್ಷ ಮಕ್ಕಳು ಒಬ್ಬೊಬ್ಬರಾಗಿ ಸಾಲಿ ಬಿಡತೊಡಗಿದರು. ಯಾಕೆ ಬಿಟ್ಟರೆಂದು ಕೇಳೋಣವೆಂದರೆ ಅವರ ಅಪ್ಪ ಅವ್ವಂದಿರ ಮುಖವೇ ನಮಗೆ ಗೊತ್ತಿರಲಿಲ್ಲ. ಕಾಕು ಖಾಲಿ ಖುರ್ಚಿಗಳನ್ನು ನೋಡುತ್ತ ನಿಂತಳು.

“ಸಾಲಿಯಿಂದ ನಿರೋಪ ಬಂತಂದ್ರ ಹುಡುಗ ಏನೋ ಕಿತಾಪತಿ ಮಾಡ್ಯಾನ ಅಂತ ತಿಳೀತಾರ. ಕೂಲಿ ಬಿಟ್ಟು ಬೈಸ್ಕೊಳ್ಳಾಕ ಯಾರ್ ಬರ್ತಾರ?”

ಅಂದಿನಿಂದ ಕಾಕುವಿನ ಹೊಸ ಕಾಯದೆ. ಸಭೆಯಲ್ಲಿ ಮೊದಲು ಮಗುವಿನ ಬಗ್ಗೆ ಒಂದು ಒಳ್ಳೆಯ ಮಾತು ಹೇಳಬೇಕು, ಅದೂ ಖರೆ ಇರಬೇಕು. ಖರೆ ಇರಬೇಕೆಂಬುದೇ ಸಂಕಟ! ನನ್ನ ವರ್ಗದ ಒಬ್ಬ ಮಹಾಶಯನ ಬಗ್ಗೆ ತಲೆ ಕೆರೆದು ಕೆರೆದು ಕಡೆಗೆ, ವರ್ಗದಲ್ಲಿ ಮಲಗಿದಾಗ ಗೊರಕೆ ಹೊಡೆಯುವುದಿಲ್ಲ ಎಂದು ಒಪ್ಪಿಸಿದೆ. ನಿನ್ನ ಪಾಠಕ್ಕೆ ಅವನಿಗೆ ನಿದ್ದೆ ಯಾಕೆ ಬರುತ್ತದೆ ಅನ್ನುವುದನ್ನು ಮೊದಲು ನೋಡು ಎಂದಳು ಕಾಕು.

ಒಳ್ಳೆಯ ಮಾತುಗಳೇನೋ ತಯಾರಾದವು. ಕೇಳುವವರು ಬೇಕಲ್ಲ? ಅವರು ಬರದಿದ್ದರೆ ಸಭೆಯೇ ಅವರ ಹತ್ತಿರ ಹೋಗಲಿ ಅಂದಳು. ಊರಿನ ದುಡಿಯುವ ಮಂದಿಯೆಲ್ಲ ಮುಂಜಾನೆ ಅಕ್ಕಲಕೋಟೆ ಬಸ್ಸಿನಲ್ಲಿರುತ್ತಾರೆ. ಒಂದು ದಿನ ನನ್ನನ್ನೂ ಎಳೆದುಕೊಂಡು ಆ ಬಸ್ಸು ಹತ್ತಿದಳು. ಓಡುವ ಬಸ್ಸಿನಿಂದ ಯಾವ ಅಪ್ಪ ಇಳಿದು ಓಡಿಯಾನು? ಕಂಡಕ್ಟರ್ ಟಿಕೆಟ್ ಕೊಡುತ್ತ ಮುಂದೆ, ಕಾಕು ಹೊಗಳಿಕೆ ಹಂಚುತ್ತ ಹಿಂದೆ. ನಾನೂ ಕಿಟಕಿ ಪಕ್ಕದ ಒಬ್ಬರನ್ನು ಹಿಡಿದು, ಅವರ ಮಗ ಲೆಕ್ಕದಲ್ಲಿ ಎಷ್ಟು ಹುಷಾರು ಎಂದು ಅಕ್ಕಲಕೋಟೆ ಬರುವವರೆಗೂ ಬಣ್ಣಿಸಿದೆ. ಅವರು ಕಣ್ಣರಳಿಸಿ ಕೇಳಿದರು. ಇಳಿಯುವಾಗ ಮೆಲ್ಲಗೆ, ತಮ್ಮ ಲಗ್ನ ಇನ್ನೂ ಆಗಿಲ್ಲ, ಆದರೂ ಕೇಳಲಿಕ್ಕೆ ಭಾಳ ಚಲೋ ಅನ್ನಿಸಿತು ಎಂದು ಹೇಳಿ ಹೋದರು.

ಮುಂದಿನ ಸಭೆಗೆ ಮಂದಿ ತಾವಾಗಿಯೇ ಬಂದರು. ನಮಗೆ ಚಿವಡಾ ಸಿಗಲಿಲ್ಲ.

ಆ ದಿನ ಗೇಟಿನ ಹೊರಗೆ ಬೇವಿನ ಮರದ ಕೆಳಗೆ ಕುರಿ ಸಾಕುವ ಮನೆಯ ಹೆಣ್ಣುಮಗಳೊಬ್ಬಳು ನಿಂತಿದ್ದಳು. ಕರೆದರೂ ಒಳಗೆ ಬರಲಿಲ್ಲ. ಮೇವಿಗಾಗಿ ಕುರಿ ಹೊಡೆದುಕೊಂಡು ಬೋರಾಮಣಿ ಕಡೆ ಹೊರಟಿದ್ದೇವೆ, ಮಗಳನ್ನು ಸಾಲಿ ಬಿಡಿಸಲಿಕ್ಕೆ ಬಂದೆ, ಹೇಗೂ ಅದು ಓದಿನಲ್ಲಿ ದಡ್ಡಿ ಎಂದಳು. ನಾನು ಹೋಗಿ ಕಾಕುವಿಗೆ ತಿಳಿಸಿದೆ. ಕಾಕು ಸಭೆ ಬಿಟ್ಟು ಬಂದವಳೇ ಇಸ್ತ್ರಿ ಸೀರೆಯಲ್ಲೇ ಆಕೆಯ ಪಕ್ಕದಲ್ಲಿ ನೆಲದ ಮೇಲೆ ಕುಳಿತಳು. ಬಿಡಿಸಬೇಡ ಎಂದು ಒಂದು ಮಾತೂ ಆಡಲಿಲ್ಲ.

“ತಂಗಿ, ಹೊಸಾ ಹುಡುಗರು ಅಳಾಕತ್ರ ನಿನ್ನ ಮಗಳು ಯಾರೂ ಹೇಳದ ಎದ್ದು ಹೋಗಿ ಅವರ ಬಾಜೂಕ ಕೂಡ್ತಾಳ. ಅಕಿ ಕುಂತ್ರ ಅವು ಸುಮ್ಮನಾಗ್ತಾವ. ನಮ್ಮ ಕೈಲೆ ಅದು ಆಗಂಗಿಲ್ಲ.”

ಆ ತಾಯಿಯೂ ಕೆಳಗೆ ಕುಳಿತಳು.

“ಇದನ್ನ ಅಕಿ ಮುಂದ ಹೇಳ್ರಿ, ಬಾಯಿ. ನನಗ ಹೇಳಾಕ ಬರಂಗಿಲ್ಲ.”

ಮಗಳನ್ನು ಕರೆಸಿದೆವು. ಕಾಕು ಅದೇ ಮಾತನ್ನು ನಿಧಾನವಾಗಿ ಇನ್ನೊಮ್ಮೆ ಹೇಳಿದಳು. ಹುಡುಗಿ ನಾಚಿ ಅವ್ವನ ಬೆನ್ನಿಗೆ ಮರೆಯಾದಳು. ತಾಯಿ ಅವಳನ್ನು ಮುಂದಕ್ಕೆಳೆದು, ಸೆರಗಿನಿಂದ ಮುಖ ಒರೆಸಿ, ಕೆದರಿದ ಜಡೆ ಬಿಚ್ಚಿ ಅಲ್ಲೇ ಮರದ ಕೆಳಗೆ ಬಿಗಿಯಾಗಿ ಹೆಣೆದಳು. ಊರಲ್ಲೇ ಅಜ್ಜಿ ಹತ್ತಿರ ಇರಲಿ ಬಿಡು ಎಂದು ತನಗೆ ತಾನೇ ಅಂದುಕೊಂಡಳು. ಆಮೇಲೆ ಮಗಳನ್ನು ಸಾಲಿಯ ಕಡೆಗೆ ಮೆಲ್ಲಗೆ ನೂಕಿ, ಕುರಿಗಳ ಹಿಂದೆ ಹೊರಟಳು.