ಹನ್ನೊಂದು ಜೊತೆ ಮಡಿ ಚಪ್ಪಲಿ

ವಯಸ್ಸಾದವರನ್ನು ವ್ಯಾನಿನಲ್ಲಿ ಕೂರಿಸಿಕೊಂಡು ಊರು ತೋರಿಸುವವನು ನಗುವ ಪ್ರಸಂಗಗಳನ್ನು ಹುಡುಕಿಕೊಂಡು ಹೋಗಬೇಕಾಗಿಲ್ಲ. ಅವು ತಾವೇ ಟಿಫಿನ್ ಡಬ್ಬಿ ಹಿಡಿದು ವ್ಯಾನ್ ಹತ್ತುತ್ತವೆ. ಅಮೆರಿಕದ ಬ್ಯಾಂಕುಗಳು ಒಂದರ ಹಿಂದೊಂದು ಮಗುಚಿಕೊಂಡ ಕಾಲದಲ್ಲಿ ನಾನು ಈ ಕೆಲಸಕ್ಕೆ ಬಿದ್ದೆ. ಅದಕ್ಕೆ ಮುಂಚೆ ಮನೆಯಿದ್ದ ಹಿಲ್ಸ್‌ಬರೋದಿಂದ ನ್ಯೂಯಾರ್ಕಿನ ಮ್ಯಾನ್‌ಹಟನ್‌ಗೆ ದಿನಾ ಕಮ್ಯೂಟ್ ಮಾಡಿ ಒಂದು ಬ್ಯಾಂಕಿನ ಕಂಪ್ಯೂಟರ್ ವಿಭಾಗದಲ್ಲಿ ದುಡಿಯುತ್ತಿದ್ದೆ. ಒಂದು ಮಧ್ಯಾಹ್ನ ರಟ್ಟಿನ ಪೆಟ್ಟಿಗೆ ಕೈಗೆ ಕೊಟ್ಟು, ನಿನ್ನ ಸಾಮಾನು ತುಂಬಿಕೋ ಎಂದರು. ಹತ್ತು ವರ್ಷದ ಸಾಮಾನು ಎಂದರೆ ಒಂದು ಕಾಫಿ ಲೋಟ, ಒಂದು ಪುಟ್ಟ ಗಣಪತಿ, ಅರ್ಧ ಡಬ್ಬಿ ಚಟ್ನಿಪುಡಿ.

ಹೆಂಡತಿಗೆ ಅಂದೇ ಹೇಳಿದೆ. ಅವಳ ಸಂಬಳ ಇತ್ತು, ಮನೆ ನಡೆಯುತ್ತಿತ್ತು. ಆದರೆ ಎರಡು ವಾರದ ಹಿಂದಷ್ಟೇ ಮೈಸೂರಿನಿಂದ ಬಂದಿದ್ದ ಮಾವನವರಿಗೆ ಹೇಳುವ ಧೈರ್ಯ ಇಬ್ಬರಿಗೂ ಬರಲಿಲ್ಲ. ಮಾವ ನಿವೃತ್ತ ಬ್ಯಾಂಕ್ ಮ್ಯಾನೇಜರ್. ಮಗಳಿಗೆ ಬಂದ ಸಂಬಂಧಗಳಲ್ಲಿ ಒಬ್ಬ ಡಾಕ್ಟರನ್ನೂ ಒಬ್ಬ ಲೆಕ್ಚರರನ್ನೂ ಬಿಟ್ಟು ನನ್ನನ್ನು ಒಪ್ಪಿದ್ದೇ "ಹುಡುಗ ಬ್ಯಾಂಕಿನಲ್ಲಿದ್ದಾನೆ, ಇನ್ನು ನನಗೆ ಚಿಂತೆಯಿಲ್ಲ" ಎಂದು. ಮೇಲಾಗಿ ಹಿಂದಿನ ವರ್ಷ ಅವರ ಹೃದಯಕ್ಕೆ ಸ್ಟೆಂಟ್ ಹಾಕಿದ್ದರು. ಆಘಾತದ ಸುದ್ದಿ ಹೇಳಬೇಡಿ ಎಂದು ಡಾಕ್ಟರ್ ಹೇಳಿದ್ದರಂತೆ. ಹಾಗಾಗಿ ನಾನು ದಿನಾ ಬೆಳಿಗ್ಗೆ ಏಳಕ್ಕೆ ಟೈ ಕಟ್ಟಿಕೊಂಡು ಹೊರಟು, ಲೈಬ್ರರಿಯಲ್ಲಿ ಕೂತು ಕೆಲಸಕ್ಕೆ ಅರ್ಜಿ ಹಾಕಿ, ಸಂಜೆ ಆರಕ್ಕೆ ದಣಿದ ಮುಖ ಮಾಡಿಕೊಂಡು ಮನೆಗೆ ಬರುತ್ತಿದ್ದೆ. ಪೇಪರ್ ಓದುತ್ತಾ ಮಾವ ಕೇಳುವರು, "ನಿಮ್ಮ ಬ್ಯಾಂಕ್ ಗಟ್ಟಿಯಾಗಿದೆ ತಾನೆ, ಅಳಿಯಂದಿರೇ?" ಬ್ಯಾಂಕು ಗಟ್ಟಿಯಾಗಿಯೇ ಇತ್ತು. ಅದರೊಳಗೆ ನಾನಿರಲಿಲ್ಲ, ಅಷ್ಟೆ.

೧. ಸಾಂಬಾರಿನ ವ್ಯಾನು

ಅಡುಗೆ ಕಂಟ್ರಾಕ್ಟ್ ಮಾಡುವ ಗೆಳೆಯನೊಬ್ಬನ ಹತ್ತಿರ ಹನ್ನೆರಡು ಸೀಟಿನ ವ್ಯಾನಿತ್ತು. ಮದುವೆ, ನಾಮಕರಣ ಎಲ್ಲ ಆ ವರ್ಷ ಸಣ್ಣದಾಗಿಬಿಟ್ಟದ್ದರಿಂದ ಅದು ವಾರವೆಲ್ಲ ಸುಮ್ಮನೆ ನಿಂತಿರುತ್ತಿತ್ತು. ಮಕ್ಕಳ ಮನೆಗೆ ಆರು ತಿಂಗಳಿಗೆಂದು ಬಂದ ಅಪ್ಪ ಅಮ್ಮಂದಿರೂ ಮಕ್ಕಳು ಆಫೀಸಿಗೆ ಹೋದ ಮೇಲೆ ಹಾಗೇ ಸುಮ್ಮನೆ ಕೂತಿರುತ್ತಿದ್ದರು. ವ್ಯಾನನ್ನೂ ಅವರನ್ನೂ ಸೇರಿಸಿ ಬುಧವಾರಕ್ಕೊಂದು ಟ್ರಿಪ್ ಹೊರಡಿಸಿದೆ. ಪಕ್ಕದೂರು ಪಿಸ್ಕಾಟವೇಯ ಇಂಡಿಯನ್ ಅಂಗಡಿಯ ಗಾಜಿಗೆ ಚೀಟಿ ಅಂಟಿಸಿದೆ: 'ಒಂದೇ ದಿನದಲ್ಲಿ ಪುರಾತನ ದೇವಾಲಯ ಮತ್ತು ತೇಲುವ ಗ್ರಾಮ. ಕನ್ನಡದಲ್ಲಿ ವಿವರಣೆ.' ಹಿಲ್ಸ್‌ಬರೋದಲ್ಲಿ ಅಂಟಿಸಲಿಲ್ಲ, ಯಾಕೆಂದು ಹೇಳಬೇಕಾಗಿಲ್ಲ.

ದೇವಾಲಯ ಎಂದರೆ ಮ್ಯಾನ್‌ಹಟನ್ನಿನ ದೊಡ್ಡ ಮ್ಯೂಸಿಯಮ್ಮಿನೊಳಗೆ ತಂದು ನಿಲ್ಲಿಸಿರುವ ಈಜಿಪ್ಟಿನ ಗುಡಿ. ತೇಲುವ ಗ್ರಾಮ ಎಂದರೆ ಹಡ್ಸನ್ ನದಿಯ ದಡಕ್ಕೆ ಕಟ್ಟಿಹಾಕಿದ ಹತ್ತಿಪ್ಪತ್ತು ದೋಣಿಮನೆಗಳು. ಸುಳ್ಳೇನಲ್ಲ, ಆದರೆ ಚೀಟಿಯಲ್ಲಿ ಓದಿದಾಗ ಸ್ವಲ್ಪ ಹೆಚ್ಚೇ ಚೆನ್ನಾಗಿ ಕಾಣುತ್ತಿತ್ತು.

ಮೊದಲ ಬುಧವಾರ ಹನ್ನೊಂದು ಜನ ಹತ್ತಿದರು. ವ್ಯಾನಿನ ಸೀಟಿಗೆಲ್ಲ ವರ್ಷಗಟ್ಟಲೆಯ ಸಾಂಬಾರಿನ ವಾಸನೆ ಹಿಡಿದಿತ್ತು. ಹೊರಟು ಹತ್ತು ನಿಮಿಷ ಆಗಿರಲಿಲ್ಲ, ಹಿಂದಿನ ಸೀಟಿನ ಅಂಕಲ್ "ಯಾಕೋ ಹಸಿವು" ಎಂದರು. ಹೆದ್ದಾರಿ ಸೇರುವಷ್ಟರಲ್ಲಿ ಹನ್ನೊಂದು ಡಬ್ಬಿಗಳೂ ತೆರೆದಿದ್ದವು. ಮ್ಯಾನ್‌ಹಟನ್ ಕಾಣುವ ಮೊದಲೇ ಮಧ್ಯಾಹ್ನದ ಊಟ ಮುಗಿದು, ಎಲ್ಲರೂ ನಿದ್ದೆ ಹೋದರು. ನಾನು ಬಾಯಿಪಾಠ ಮಾಡಿಕೊಂಡು ಬಂದಿದ್ದ ನ್ಯೂಯಾರ್ಕಿನ ಇತಿಹಾಸವನ್ನು ಸ್ಟಿಯರಿಂಗ್ ಚಕ್ರಕ್ಕೆ ಹೇಳಿದೆ.

೨. ಮುಳುಗಡೆ

ಗುಡಿಯ ಮುಂದೆ ನಿಂತು ವಿವರಿಸಿದೆ. ಎರಡು ಸಾವಿರ ವರ್ಷ ಹಳೆಯದು, ನೈಲ್ ನದಿಗೆ ಅಣೆಕಟ್ಟು ಕಟ್ಟಿದಾಗ ಮುಳುಗಿಹೋಗಬೇಕಿತ್ತು, ಕಲ್ಲುಕಲ್ಲು ಬಿಚ್ಚಿ ಹಡಗಿನಲ್ಲಿ ತಂದು ಇಲ್ಲಿ ಮತ್ತೆ ಜೋಡಿಸಿದ್ದಾರೆ ಎಂದೆ.

ನೀರಾವರಿ ಇಲಾಖೆಯಲ್ಲಿ ಎಂಜಿನಿಯರ್ ಆಗಿ ನಿವೃತ್ತರಾದ ಅಂಕಲ್ ಒಬ್ಬರು ಕನ್ನಡಕ ಏರಿಸಿ ಸುತ್ತಲೂ ನೋಡಿದರು. ಎತ್ತರದ ಗಾಜಿನ ಗೋಡೆ, ಮುಂದೆ ತಿಳಿನೀರಿನ ಕೊಳ, ಕಿಟಕಿಯಾಚೆ ಪಾರ್ಕು.

"ಇದೂ ಮುಳುಗಡೆ ಕೇಸೇ ಅನ್ನಿ" ಎಂದರು.

"ಹೌದು ಅಂಕಲ್."

"ಪುನರ್ವಸತಿ ಅಂದ್ರೆ ಹೀಗಿರಬೇಕು ನೋಡಿ. ಇದಕ್ಕೆ ಮ್ಯಾನ್‌ಹಟನ್‌ನಲ್ಲಿ ಸೈಟು ಕೊಟ್ಟಿದ್ದಾರೆ. ನಾನು ಎಬ್ಬಿಸಿ ಕಳಿಸಿದ ಊರಿನೋರು ಇನ್ನೂ ಹಕ್ಕುಪತ್ರಕ್ಕೆ ಅಲೀತಾ ಇದ್ದಾರೆ."

ನಾನು ಆ ಗುಡಿಯ ದೇವಿಯ ಕಥೆಗೆ ಬಂದೆ. ದೇವಿಯ ಗಂಡನನ್ನು ಅವನ ತಮ್ಮನೇ ಕೊಂದು ಹದಿನಾಲ್ಕು ತುಂಡು ಮಾಡಿ ಎಸೆದ, ದೇವಿ ಒಂದೊಂದೇ ತುಂಡು ಹುಡುಕಿ ಕೂಡಿಸಿದಳು ಎಂದೆ. ಎಲ್ಲರೂ ಬಾಯಿ ಬಿಟ್ಟುಕೊಂಡು ಕೇಳುತ್ತಾರೆಂದು ಕಾದೆ. ಮುಂದೆ ನಿಂತಿದ್ದ ಆಂಟಿ, ಹೆಡ್‌ಮಿಸ್ಟ್ರೆಸ್ ಆಗಿದ್ದವರು, ತಲೆದೂಗಿ ಅಂದರು: "ಆಸ್ತಿ ಪಾಲಿನ ಜಗಳ ಇರಬೇಕು. ನಮ್ಮನೇಲೂ ಹೆಚ್ಚುಕಮ್ಮಿ ಇದೇ ಆಯ್ತು."

೩. ಮಡಿ ಚಪ್ಪಲಿ

ಅದೇ ದಿನ ಕಥೆ ಮುಗಿಸಿ ತಿರುಗಿ ನೋಡುತ್ತೇನೆ, ಗುಡಿಯ ಕಟ್ಟೆಯ ಕೆಳಗೆ ಹನ್ನೊಂದು ಜೊತೆ ಬೂಟುಗಳು ಸಾಲಾಗಿ ನಿಂತಿವೆ. ಅವುಗಳ ಒಡೆಯರು ಬರಿಗಾಲಲ್ಲಿ ಪ್ರದಕ್ಷಿಣೆ ಹೊರಟಿದ್ದಾರೆ. ಕಾವಲಿನವನು ಓಡಿ ಬಂದ. ಆರಡಿ ಆಳು, ಮಾತು ಮಾತ್ರ ಮೃದು. ಇಲ್ಲಿ ಬರಿಗಾಲಲ್ಲಿ ಓಡಾಡುವಂತಿಲ್ಲ ಎಂದ.

ಹೆಡ್‌ಮಿಸ್ಟ್ರೆಸ್ ಆಂಟಿ ಒಪ್ಪಲಿಲ್ಲ. "ಅವನಿಗೆ ಹೇಳಪ್ಪ, ಬೀದಿ ತುಳಿದ ಚಪ್ಪಲಿ ಹಾಕ್ಕೊಂಡು ಗುಡಿಗೆ ಹೋಗೋ ಅಭ್ಯಾಸ ನಮಗಿಲ್ಲ ಅಂತ."

ನಾನು ಹೇಳಿದೆ. ಅವನು, "ನಿಯಮ ಪಾಲಿಸದಿದ್ದರೆ ನನ್ನ ಕೆಲಸ ಹೋಗುತ್ತದೆ" ಎಂದ.

ಅದನ್ನು ಕನ್ನಡಕ್ಕೆ ತಿರುಗಿಸಿ ಹೇಳುವಾಗ ನನ್ನ ದನಿ ಹೇಗಿತ್ತೋ, ಆಂಟಿ ನನ್ನ ಮುಖ ಒಂದು ಸಲ ನೋಡಿ, "ಅಯ್ಯೋ, ಕೆಲಸ ಹೋಗೋದು ಬೇಡಪ್ಪ ಪಾಪ" ಎಂದು ತಕ್ಷಣ ಬೂಟು ಹಾಕಿಕೊಂಡು, ದೂರದಿಂದಲೇ ಕೈ ಮುಗಿದರು. ಉಳಿದವರೂ ಹಾಗೇ ಮಾಡಿದರು. ಪ್ರದಕ್ಷಿಣೆ ಅರ್ಧಕ್ಕೇ ನಿಂತಿತಲ್ಲ ಎಂಬ ಕೊರಗು ಮಾತ್ರ ವಾಪಸು ವ್ಯಾನ್ ಇಳಿಯುವವರೆಗೂ ಹೋಗಲಿಲ್ಲ.

ಮರುವಾರ ಡಾಲರ್ ಅಂಗಡಿಯಿಂದ ಬಟ್ಟೆಯ ಸ್ಲಿಪ್ಪರ್ ಹನ್ನೊಂದು ಜೊತೆ ತಂದೆ. ಇವು ಬೀದಿ ತುಳಿದಿಲ್ಲ, ಬಚ್ಚಲು ನೋಡಿಲ್ಲ, ಗುಡಿಗೇ ಮೀಸಲು ಎಂದು ಸಾರಿದೆ. ಪ್ರದಕ್ಷಿಣೆ ಬಾಕಿಯಿದೆ ಎಂದು ಮತ್ತೆ ಬಂದಿದ್ದ ಆಂಟಿ ಮುಟ್ಟಿ ನೋಡಿ "ಹಾಗಾದ್ರೆ ಮಡಿ ಚಪ್ಪಲಿ" ಎಂದು ಹೆಸರಿಟ್ಟರು. ಗುಡಿಯ ಹತ್ತಿರದ ಬೆಂಚಿನ ಮೇಲೆ ಕೂತು ಎಲ್ಲರೂ ಬೂಟು ಬಿಚ್ಚಿ ಮಡಿ ಚಪ್ಪಲಿ ಮೆಟ್ಟುವುದು, ಬಿಚ್ಚಿದ ಬೂಟುಗಳನ್ನು ಚೀಲಕ್ಕೆ ತುಂಬಿ ಹೆಗಲಿಗೆ ಹಾಕಿಕೊಂಡು ನಾನು ಇತಿಹಾಸ ಹೇಳುವುದು. ಕಾವಲಿನವನಿಗೂ ಒಪ್ಪಿಗೆ, ದೇವಿಗೂ ಒಪ್ಪಿಗೆ.

ಮೂರನೆಯ ವಾರ ಕಟ್ಟೆ ಹತ್ತಲು ಹೋದರೆ ಆ ಕಾವಲಿನವನೇ ನನ್ನನ್ನು ತಡೆದ. ನನ್ನ ಬೂಟಿನ ಕಡೆ ಬೆರಳು ತೋರಿಸಿ, "ನಿಮ್ಮದೆಲ್ಲಿ ಸರ್?" ಎಂದ. ಅಂದೇ ಹನ್ನೆರಡನೆಯ ಜೊತೆ ಕೊಂಡೆ.

೪. ತೇಲುವ ಗ್ರಾಮದ ಬಡವ

ಹಡ್ಸನ್ ದಡದ ದೋಣಿಮನೆಗಳಲ್ಲಿ ಒಂದರ ಮುಂದೆ ಒಬ್ಬ ಮುದುಕ ಹರಿದ ಚಡ್ಡಿ ಹಾಕಿಕೊಂಡು ಕುರ್ಚಿಯಲ್ಲಿ ಕೂತಿರುತ್ತಿದ್ದ. ಉಡುಪಿ ಕಡೆಯ ಆಂಟಿಯೊಬ್ಬರು, ಐವತ್ತು ವರ್ಷ ಹೋಟೆಲು ನಡೆಸಿದ ಮನೆಯವರು, ಅವನನ್ನು ನೋಡಿ ಮರುಗಿದರು. "ನೆಲದ ಮೇಲೆ ಮನೆ ಇಲ್ಲ ಮಾರಾಯ್ರೆ ಅವನಿಗೆ. ಈ ಚಳಿಯಲ್ಲಿ ನೀರಿನ ಮೇಲೆ ಬದುಕುದು ಅಂದ್ರೆ ಎಂಥ ಕರ್ಮ."

ನಾನು ಬೇಡ ಎನ್ನುವ ಮೊದಲೇ ತಮ್ಮ ಡಬ್ಬಿಯ ಪುಳಿಯೋಗರೆಯನ್ನು ಮುಚ್ಚಳಕ್ಕೆ ಬಡಿಸಿ ಅವನ ಕೈಗಿಟ್ಟರು. ಅವನು ತಿಂದ, ಬೆರಳು ನೆಕ್ಕಿದ, ಎದ್ದು ಬಾಗಿ ವಂದಿಸಿದ. ಆಮೇಲೆ ಪಕ್ಕದ ದೋಣಿಯವರಿಂದ ತಿಳಿಯಿತು, ಆತ ಹೆಸರಾಂತ ಹೃದಯದ ಸರ್ಜನ್, ಊರಿನ ಇನ್ನೊಂದು ಕಡೆ ಅವನಿಗೆ ದೊಡ್ಡ ಮನೆಯಿದೆ, ಇಲ್ಲಿಗೆ ಬರುವುದು ನೆಮ್ಮದಿಗೆ.

ಇದನ್ನು ಆಂಟಿಗೆ ಹೇಳಲಿಲ್ಲ. ಅವರು ಉಳಿದವರಿಗೆಲ್ಲ ಫೋನು ಮಾಡಿ, ಮುಂದೆ ಹೋಗುವವರೂ ಆ ಬಡವನಿಗೆ ಒಂದು ತುತ್ತು ಒಯ್ಯಿರಿ ಎಂದು ಹೇಳಿಬಿಟ್ಟಿದ್ದರು. ಪ್ರತಿ ಬುಧವಾರ ಅವನಿಗೆ ಪುಳಿಯೋಗರೆ ತಪ್ಪಲಿಲ್ಲ. ಐದನೆಯ ವಾರ ಅವನು ತಟ್ಟೆ ಚಮಚ ಹಿಡಿದುಕೊಂಡೇ ದಡದಲ್ಲಿ ಕಾದಿದ್ದ. ಒಂದು ತುತ್ತು ತಿಂದು, ನನ್ನನ್ನು ಪಕ್ಕಕ್ಕೆ ಕರೆದು ಪಿಸುಗುಟ್ಟಿದ: "ಹೋದ ವಾರದವರು ಕಡಲೇಕಾಯಿ ಇನ್ನೂ ಸ್ವಲ್ಪ ಹೆಚ್ಚು ಹಾಕಿದ್ದರು."

೫. ವಾಕಿಂಗ್ ಗೆಳೆಯರು

ಆರನೆಯ ಬುಧವಾರ. ಹೆಡ್‌ಮಿಸ್ಟ್ರೆಸ್ ಆಂಟಿ ಮೂರನೆಯ ಸಲ ಬರುತ್ತೇನೆ ಎಂದಿದ್ದರು. ಅವರು ಈಗ ಹಿಲ್ಸ್‌ಬರೋದ ಎರಡನೆಯ ಮಗನ ಮನೆಗೆ ಬಂದಿದ್ದರಂತೆ. "ಜೊತೆಗೆ ನಮ್ಮ ವಾಕಿಂಗ್ ಗೆಳೆಯರೊಬ್ಬರು ಬರ್ತಾರೆ" ಎಂದಾಗ ನಾನು ಹೆಸರು ಕೇಳಲಿಲ್ಲ. ಅಂಗಡಿಯ ಮುಂದೆ ವ್ಯಾನಿನ ಬಾಗಿಲು ತೆರೆದು ನಿಂತಿದ್ದೆ. ಆಂಟಿಯ ಮಗನ ಕಾರಿನಿಂದ ಇಳಿದವರು ನನ್ನ ಮಾವ. ತಲೆಗೆ ಉಣ್ಣೆ ಟೋಪಿ, ಕೈಯಲ್ಲಿ ನಮ್ಮನೆಯದೇ ಸ್ಟೀಲ್ ಡಬ್ಬಿ.

ಮೊದಲು ನೆನಪಾದದ್ದು ಸ್ಟೆಂಟು.

"ಇವರೇ ನಾನು ಹೇಳಿದ ಗೈಡು" ಎಂದರು ಆಂಟಿ. "ಬಹಳ ಮರ್ಯಾದಸ್ಥರು. ನಮ್ಮ ಬೂಟು ಕೂಡ ಹೊರ್ತಾರೆ."

ಮಾವ ನನ್ನ ಕೊರಳಿನ ಟೈಯಿಂದ ಸಾಂಬಾರಿನ ವ್ಯಾನಿನವರೆಗೆ ನಿಧಾನವಾಗಿ ನೋಡಿದರು. ಆಮೇಲೆ ಕೈ ಜೋಡಿಸಿ, "ನಮಸ್ಕಾರ ಗೈಡ್ ಅವರೇ" ಎಂದು ಹತ್ತಿ ಕಿಟಕಿಯ ಪಕ್ಕ ಕೂತರು.

ದಾರಿಯುದ್ದಕ್ಕೂ ಕನ್ನಡಿಯಲ್ಲಿ ಅವರ ಮುಖವನ್ನೇ ನೋಡುತ್ತಿದ್ದೆ. ಅವರು ಡಬ್ಬಿ ತೆರೆದು ಅವಲಕ್ಕಿ ತಿಂದರು, ಸೇತುವೆಯ ಹೆಸರು ಕೇಳಿದರು, "ಥ್ಯಾಂಕ್ಸ್ ಗೈಡ್ ಅವರೇ" ಎಂದರು. ಅವರೇ ಗೊತ್ತಿಲ್ಲದವರಂತೆ ಇರುವಾಗ ನಾನೇಕೆ ಬಾಯಿ ಬಿಡಲಿ ಎಂದು ನಾನೂ ಗೈಡಾಗಿಯೇ ಉಳಿದೆ.

ಗುಡಿಯ ಹತ್ತಿರದ ಬೆಂಚು ಬಂತು. ಎಲ್ಲರೂ ಬೂಟು ಬಿಚ್ಚಿ ನನ್ನ ಚೀಲಕ್ಕೆ ಹಾಕಿದರು. ಕೊನೆಗೆ ಮಾವನ ಸರದಿ. ಅಭ್ಯಾಸಬಲದಿಂದ ಅವರ ಬೂಟಿಗೂ ಕೈ ಚಾಚಿದೆ. ಅವರು ಬೂಟನ್ನು ಹಿಂದಕ್ಕೆಳೆದುಕೊಂಡರು. ಮದುವೆಯ ದಿನ ಬೆಳ್ಳಿ ತಟ್ಟೆಯಲ್ಲಿ ನನ್ನ ಕಾಲು ತೊಳೆದು, ಆ ನೀರನ್ನು ತಲೆಗೆ ಪ್ರೋಕ್ಷಿಸಿಕೊಂಡವರು ಅವರು. ನನ್ನ ಹೆಗಲಿನ ಚೀಲ ತೆಗೆದು ತಮ್ಮ ಹೆಗಲಿಗೆ ಹಾಕಿಕೊಂಡರು.

"ಅದು ಅವರ ಕೆಲಸ, ಅವರಿಗೆ ಬಿಡಿ" ಎಂದರು ಆಂಟಿ.

"ಅವರು ಮಾತಾಡ್ಲಿ. ಚೀಲ ನಾನು ನೋಡ್ಕೋತೀನಿ" ಎಂದರು ಮಾವ.

ದೇವಿಯ ಗಂಡನ ಹದಿನಾಲ್ಕು ತುಂಡುಗಳನ್ನು ಅಂದು ನಾನು ಕೂಡಿಸಿದ ಕಷ್ಟ ಆ ದೇವಿಗೂ ಆಗಿರಲಿಕ್ಕಿಲ್ಲ. ಕೇಳುತ್ತಿದ್ದ ಇಬ್ಬರು ಆಂಟಿಯರು, ಎಷ್ಟು ಮನಮುಟ್ಟುವ ಹಾಗೆ ಹೇಳ್ತಾರೆ ಎಂದು ಕಣ್ಣೊರೆಸಿಕೊಂಡರು.

ಸಂಜೆ ಅವರನ್ನೆಲ್ಲ ಇಳಿಸಿ, ವ್ಯಾನು ಒಪ್ಪಿಸಿ, ಎಂದಿನಂತೆ ಆರಕ್ಕೆ ಮನೆಗೆ ಬಂದೆ. ಮಾವ ಸೋಫಾದಲ್ಲಿದ್ದರು.

"ಬನ್ನಿ ಅಳಿಯಂದಿರೇ. ಆಫೀಸ್ ಹೇಗಿತ್ತು?"

"ತುಂಬಾ ಕೆಲಸ ಮಾವ" ಎಂದೆ. ಬೇರೇನು ಹೇಳಲಿ?

ಊಟಕ್ಕೆ ಕೂತೆವು. ಹೆಂಡತಿಗೆ ನಾನು ಫೋನಿನಲ್ಲಿ ಎಲ್ಲ ಹೇಳಿದ್ದೆ. ಮಾವ ಸಾರನ್ನ ಕಲಸುತ್ತಾ ಮಗಳಿಗೆ ಹೇಳಿದರು, "ಟ್ರಿಪ್ಪು ಚೆನ್ನಾಗಿತ್ತಮ್ಮ. ಗುಡಿ ಚೆನ್ನಾಗಿದೆ, ದೋಣಿ ಚೆನ್ನಾಗಿದೆ. ಗೈಡ್ ಮಾತ್ರ ಸರಿಯಾಗಿ ಓದಿಕೊಂಡು ಬಂದಿರಲಿಲ್ಲ. ದೇವಿಯ ಗಂಡನ್ನ ಹನ್ನೆರಡು ತುಂಡು ಮಾಡಿದ್ರು ಅಂತ ಹೇಳಿದ."

"ಇಲ್ಲ ಮಾವ" ಎಂದೆ, "ನಾನು ಹದಿನಾಲ್ಕೇ ಅಂದಿದ್ದು."

ಹೆಂಡತಿಯ ಕೈಯಲ್ಲಿ ಸೌಟು ನಿಂತಿತು. ಮಾವ ತುತ್ತು ನುಂಗಿ ನೀರು ಕುಡಿದರು.

"ಮೂವತ್ತೈದು ವರ್ಷ ಬ್ಯಾಂಕಿನಲ್ಲಿದ್ದೆ, ಅಳಿಯಂದಿರೇ. ತಪ್ಪು ಮಾಡಿದೋರನ್ನ ನೇರವಾಗಿ ಕೇಳಿದ್ರೆ ಯಾರೂ ಒಪ್ಪಲ್ಲ. ನಾವೇ ಒಂದು ತಪ್ಪು ಹೇಳಬೇಕು. ತಿದ್ದೋಕೆ ಓಡಿ ಬರ್ತಾರೆ."

"ಅಪ್ಪಾ, ನಿಮ್ಮ ಹಾರ್ಟಿಗೆ ಏನಾದ್ರೂ ಆದೀತು ಅಂತ..." ಎಂದು ಹೆಂಡತಿ ಅತ್ತೇಬಿಟ್ಟಳು.

"ನನ್ನ ಹಾರ್ಟಿಗೆ ಏನಾಗಿದೆ? ಹನ್ನೊಂದು ಜನರ ಬೂಟು ಹೊತ್ಕೊಂಡು ಮ್ಯೂಸಿಯಂ ಸುತ್ತಿದ್ದೀನಿ. ಕೆಲಸ ಹೋದ್ರೆ ಇನ್ನೊಂದು ಬರುತ್ತೆ. ಆದ್ರೆ ಅಳಿಯ ಊರೋರ ಬೂಟು ಹೊರೋದನ್ನ ನಾನು ನೋಡೋದಕ್ಕಾಗಲ್ಲ. ಮುಂದಿನ ಬುಧವಾರದಿಂದ ಆ ಚೀಲ ನನ್ನ ಡಿಪಾರ್ಟ್‌ಮೆಂಟು." ಆಮೇಲೆ ನನ್ನ ಕಡೆ ತಿರುಗಿ, "ಮೊದಲು ಆ ಟೈ ಬಿಚ್ಚಿ" ಎಂದರು.

ಬಿಚ್ಚಿದೆ. ಎರಡು ತಿಂಗಳ ಮೇಲೆ ಅಂದು ಊಟ ರುಚಿಸಿತು.

ಮುಂದಿನ ಬುಧವಾರ ಮಾವ ರಟ್ಟು ಕತ್ತರಿಸಿ, ನಂಬರ್ ಬರೆದು, ಸಹಿ ಹಾಕಿದ ಹನ್ನೆರಡು ಟೋಕನ್‌ಗಳ ಸಮೇತ ವ್ಯಾನ್ ಹತ್ತಿದರು. ಬೆಂಚಿನ ತುದಿಯಲ್ಲಿ ಕೂತು ಬೂಟು ಪಡೆದು ಟೋಕನ್ ಕೊಟ್ಟರು. ಮರಳಿ ಬಂದಾಗ ಎಲ್ಲರೂ ಟೋಕನ್ ಕೊಟ್ಟು ತಮ್ಮ ತಮ್ಮ ಬೂಟು ಪಡೆದರು. ನನ್ನ ಟೋಕನ್ ಮಾತ್ರ ಎಲ್ಲೋ ಬಿದ್ದುಹೋಗಿತ್ತು. ಜೇಬು ಮೂರು ಸಲ ತಡಕಿದೆ.

"ಮಾವ, ಆ ಕಪ್ಪು ಬೂಟು ನನ್ನದೇ. ನಿಮಗೇ ಗೊತ್ತಲ್ಲ."

"ಗೊತ್ತು. ದೀಪಾವಳಿಗೆ ನಾನೇ ಕೊಡಿಸಿದ್ದು" ಎಂದರು ಮಾವ. "ಆದ್ರೆ ಟೋಕನ್ ಇಲ್ಲದೆ ಕೊಡೋಕೆ ರೂಲ್ಸ್ ಇಲ್ಲ."

ಅಂದು ತೇಲುವ ಗ್ರಾಮವನ್ನು ನಾನು ಮಡಿ ಚಪ್ಪಲಿಯಲ್ಲೇ ತೋರಿಸಿದೆ.